ತೆರೆಹಲಗೆಯ ಮನೆ

ನಮ್ಮೂರಿನಲ್ಲಿ ಒಂದೊಂದು ಮನೆಗೆ ಒಂದೊಂದು ಶಬ್ದ. ಬಂದರಿಗೆ ಇಳಿಯುವ ಬೀದಿಯಲ್ಲಿ ಮೊದಲು ಸಿಗುವುದು ಉಪ್ಪಿನ ಮನೆ, ಅದಕ್ಕೆ ತಾಗಿಕೊಂಡು ನೆರಳಿನ ಮನೆ, ಎದುರಿಗೆ ನಾಳೆಯ ಮನೆ. ಉಪ್ಪಿನ ಮನೆಯವರು ಉಪ್ಪು ಮಾರುವವರಲ್ಲ. ಆ ಶಬ್ದವನ್ನು ಯಾರು, ಯಾವಾಗ, ಯಾವ ಅರ್ಥದಲ್ಲಿ ಆಡಿದರು ಎಂದು ಕೇಳಿಸಿಕೊಂಡು ಪುಸ್ತಕದಲ್ಲಿ ಬರೆದಿಡುವುದು ಅವರ ಕೆಲಸ. ರಾತ್ರಿ ಹೊತ್ತು ಮುಂಬಾಗಿಲನ್ನು ಬರೀ ಎಳೆದುಕೊಳ್ಳುತ್ತೇವೆ, ಅಗಳಿ ಹಾಕುವುದಿಲ್ಲ. ಅಗಳಿ ಹಾಕುವುದು ಮನೆಯಲ್ಲಿ ಸಾವಾದಾಗ, ಹದಿಮೂರು ದಿನ. ಆ ದಿನಗಳಲ್ಲಿ ಆ ಮನೆಯ ಶಬ್ದ ಊರಿನ ಯಾರ ಬಾಯಿಗೂ ಬರುವುದಿಲ್ಲ. ಬರೆಯಲು ಹೋದರೆ ಪೆನ್ನು ನಿಲ್ಲುತ್ತದೆ. ಸುತ್ತಿ ಬಳಸಿ ಹೇಳಲು ಹೊರಟರೂ ಅದರ ಹತ್ತಿರ ಬರುತ್ತಿದ್ದಂತೆ ನಾಲಿಗೆ ಬೇರೆ ದಾರಿ ಹಿಡಿಯುತ್ತದೆ. ಉಪ್ಪಿನ ಮನೆಯ ಅಜ್ಜಿ ಸತ್ತಾಗ ನಾನು ಚಿಕ್ಕವಳು. ಹದಿಮೂರು ದಿನ ಊರವರೆಲ್ಲ ಅಂಗಡಿಯ ಮುಂದೆ ನಿಂತು ಹೆಬ್ಬೆರಳಿಗೆ ತೋರುಬೆರಳು ಉಜ್ಜಿ ತೋರಿಸುತ್ತಿದ್ದರು. ನಾಳೆಯ ಮನೆಯಲ್ಲಿ ಸಾವಾದಾಗ ದರ್ಜಿಯವನು ಯಾರಿಗೂ ವಾಯಿದೆ ಹೇಳಲಾಗದೆ, ಕೈಯಲ್ಲಿದ್ದ ರವಿಕೆಗಳನ್ನೆಲ್ಲ ಹೊಲಿದು ಮುಗಿಸಿದ್ದನಂತೆ.

ನಮ್ಮದು ತೆರೆಹಲಗೆಯ ಮನೆ. ದೊಡ್ಡ ಶಬ್ದಗಳೆಲ್ಲ ಹಳೆಯ ಮನೆಗಳಿಗೆ ಹೋಗಿದ್ದವು. ನನ್ನ ಅಪ್ಪ ಅಂತಪ್ಪ ಊರಿಗೆ ತಡವಾಗಿ ಬಂದು ನೆಲೆ ನಿಂತವರು. ಹೊಳೆ ಸಮುದ್ರ ಸೇರುವಲ್ಲಿ ಕಡವು ಇದೆಯಲ್ಲ, ಅಲ್ಲಿ ದೋಣಿಗೆ ಟಿಕೆಟ್ ಹರಿಯುವ ಕೆಲಸ ಅವರದು. ನಾನು ಹುಟ್ಟಿದ ವರ್ಷವೇ ದಕ್ಷಿಣದ ದಂಡೆಯಲ್ಲಿ ಯಾರೋ ಹುಡುಗರು ಉದ್ದನೆಯ ಹಲಗೆಯ ಮೇಲೆ ನಿಂತು ಅಲೆಯ ಜೊತೆ ದಡಕ್ಕೆ ಜಾರಿ ಬರುವ ಆಟ ಶುರು ಮಾಡಿದರು. ಅದಕ್ಕೊಂದು ಹೆಸರು ಬಂತು. ಹೆಸರಿಗೆ ಮನೆ ಬೇಕಾಯಿತು. ಶಬ್ದವಿಲ್ಲದ ಮನೆ ಆಗ ಊರಿನಲ್ಲಿ ನಮ್ಮದೊಂದೇ. ಆಟದ ಸಾಮಾನಿನ ಶಬ್ದ ಸಿಕ್ಕಿತಲ್ಲ ಎಂದು ಅಪ್ಪ ಮೊದಲ ಒಂದೆರಡು ವರ್ಷ ತಲೆ ತಗ್ಗಿಸಿಕೊಂಡು ಓಡಾಡಿದರಂತೆ. ಅಮ್ಮ ಹೇಳುತ್ತಿದ್ದಳು. ಅಮ್ಮ ತೀರಿಕೊಂಡದ್ದು ನನಗೆ ಹದಿನಾರು ವರ್ಷವಾದಾಗ, ತಮ್ಮ ಸುಕೇಶನಿಗೆ ಹನ್ನೊಂದು.

ಆಮೇಲೆ ಅಪ್ಪನಿಗೆ ಆ ಶಬ್ದದ ಮೇಲೆ ಪ್ರೀತಿ ಹುಟ್ಟಿತು. ಕಡವಿನಲ್ಲಿ ಕೂತವರಿಗೆ ಊರಿನ ಮಾತೆಲ್ಲ ಕಿವಿಗೆ ಬೀಳುತ್ತದೆ. ಕ್ಷೌರದಂಗಡಿಯಲ್ಲಿ ಚಿಕ್ಕ ಮಕ್ಕಳನ್ನು ಕೂರಿಸಲು ಕುರ್ಚಿಯ ಎರಡು ಕೈಗಳ ಮೇಲೆ ಅಡ್ಡ ಇಡುವ ಹಲಗೆಗೂ ಜನ ತೆರೆಹಲಗೆ ಎನ್ನತೊಡಗಿದಾಗ, ಅಪ್ಪ ಅಲ್ಲಿಗೇ ಹೋಗಿ ನೋಡಿ ಬಂದು ಎರಡನೆಯ ಅರ್ಥ ಬರೆದರು. ಮೀನು ಮಾರುವ ರುಕ್ಕಕ್ಕ ಒಂದು ದಿನ ದೋಣಿ ಕಾಯುತ್ತ, "ನಮ್ಮ ಅಳಿಯ ಒಂದು ತೆರೆಹಲಗೆ. ಮಾವನ ಅಲೆ ಬಂದ್ರೆ ಏಳ್ತಾನೆ, ಇಲ್ಲದಿದ್ರೆ ಮರಳಲ್ಲಿ ಬಿದ್ಕೊಂಡಿರ್ತಾನೆ" ಎಂದಳು. ಅದು ಮೂರನೆಯ ಅರ್ಥ. ಅಪ್ಪ ಆ ವಾಕ್ಯವನ್ನು ಹಾಗೆಯೇ ಬರೆದು, ಕೆಳಗೆ ರುಕ್ಕಕ್ಕನ ಹೆಸರು ಹಾಕಿದರು. ನಾಲ್ಕನೆಯದನ್ನು ಕೊಟ್ಟವರು ಬಹಳ ದಿನ ಕಾಯಿಲೆ ಬಿದ್ದು ಎದ್ದ ಮಾಸ್ತರರ ಹೆಂಡತಿ. ಹೇಗಿದ್ದೀರಿ ಎಂದು ಕೇಳಿದ್ದಕ್ಕೆ, ಹೇಗೋ ತೆರೆಹಲಗೆ ಹಾಕಿದೆ ಎಂದಿದ್ದರು. ಬಿದ್ದರೂ ಮುಳುಗದೆ ದಿನ ಕಳೆದೆ ಎಂಬ ಅರ್ಥದಲ್ಲಿ. ಅದನ್ನು ಬರೆದ ದಿನ ಅಪ್ಪ ನನ್ನನ್ನೂ ಸುಕೇಶನನ್ನೂ ಕೂರಿಸಿ ಎರಡು ಸಲ ಓದಿ ಹೇಳಿದರು. ಇಂಥ ಅರ್ಥ ಉಪ್ಪಿನ ಮನೆಯ ಪುಸ್ತಕದಲ್ಲೂ ಇರಲಿಕ್ಕಿಲ್ಲ ಎಂದು ಅವರಿಗೆ ಹೆಮ್ಮೆ.

ಮನೆಯ ಶಬ್ದವಾದರೂ ನಮ್ಮಲ್ಲಿ ಯಾರೂ ತೆರೆಹಲಗೆ ಹತ್ತಿದವರಲ್ಲ. ಸುಕೇಶ ಮಾತ್ರ ಹದಿನೈದಕ್ಕೆ ಹತ್ತಿದ. ಹಲಗೆ ಮಾಡುವ ಕೊಗ್ಗಣ್ಣನ ಕೊಟ್ಟಿಗೆಯಲ್ಲಿ ಮರ ಉಜ್ಜುತ್ತ ಉಜ್ಜುತ್ತ ಕಲಿತ. ಕಡಲಿನಿಂದ ಬಂದವನು ಅಂಗಳದಲ್ಲೇ ನಿಂತು ಅಪ್ಪನಿಗೆ ಹೇಳುತ್ತಿದ್ದ: ಹೇಗೆ ಮೊದಲು ಎದೆ ಕೊಟ್ಟು ಮಲಗಬೇಕು, ಅಲೆ ಹಿಂದಿನಿಂದ ಎತ್ತಿದ್ದು ಹೊಟ್ಟೆಗೆ ಹೇಗೆ ತಿಳಿಯುತ್ತದೆ, ಯಾವ ಕ್ಷಣದಲ್ಲಿ ಏಳಬೇಕು. ಅಪ್ಪ ಕಣ್ಣು ಮುಚ್ಚಿ ಕೇಳುತ್ತಿದ್ದರು. ಮದುವೆಯಾಗಿ ವಿನೋದಾ ಬಂದ ಮೇಲೆ ಅವನು ಹೋಗುವುದು ಕಡಿಮೆಯಾಯಿತು. ಮಗಳು ಶಾಂಭವಿ ಹುಟ್ಟಿದ ಮೇಲೆ ಪೂರಾ ಬಿಟ್ಟ. ಕೊಗ್ಗಣ್ಣನ ಕೊಟ್ಟಿಗೆಯಲ್ಲಿ ಅರ್ಧ ಪಾಲು ಸಿಕ್ಕಿತ್ತು; ದಿನವಿಡೀ ಕೆಲಸ. ಅವನ ಹಲಗೆ ಹಿತ್ತಿಲ ಜಗಲಿಯಲ್ಲಿ ಗೋಡೆಗೆ ಒರಗಿ ನಿಂತಿರುತ್ತಿತ್ತು.

ವರ್ಷಕ್ಕೊಮ್ಮೆ ಮಳೆಗಾಲ ಕಳೆದ ಮೇಲೆ ಊರ ಚಾವಡಿಯಲ್ಲಿ ಎಲ್ಲ ಮನೆಯವರೂ ತಂತಮ್ಮ ಶಬ್ದವನ್ನು ಓದುತ್ತಾರೆ. ಆ ವರ್ಷ ಅಪ್ಪನ ಕಿವಿಗೆ ಒಂದು ಸುದ್ದಿ ಬಿದ್ದಿತ್ತು. ಹಲಗೆಯ ಸವಾರರು ಅಲೆಗಳ ಆಚೆ, ನೀರು ಸಪಾಟಾಗಿರುವಲ್ಲಿ ಕೂತು ಕಾಯುವಾಗ ತೆರೆಹಲಗೆ ಎಂಬ ಮಾತನ್ನು ಬೇರೆಯೇ ಒಂದು ಅರ್ಥದಲ್ಲಿ ಆಡುತ್ತಾರಂತೆ. ಅದು ನೆಲದ ಮೇಲಿನವರಿಗೆ ಗೊತ್ತಿಲ್ಲವಂತೆ. ಅಪ್ಪ ಸುಕೇಶನನ್ನು ಕೇಳಿದರು. ಅವನು ನಕ್ಕು, ತಾನಿದ್ದ ಕಾಲದಲ್ಲಿ ಹಾಗೊಂದು ಇರಲಿಲ್ಲ, ಈಗಿನವರು ಶುರು ಮಾಡಿರಬಹುದು ಎಂದ. ಅವರನ್ನು ದಡದಲ್ಲಿ ಕೇಳಿದರೆ ಹೇಳುವುದಿಲ್ಲವಂತೆ, ಅಲ್ಲಿಗೇ ಬಂದು ಕೇಳಬೇಕಂತೆ. ಓದುವ ದಿನಕ್ಕೆ ಇನ್ನು ಐದೇ ದಿನ. ಅಪ್ಪ ಎರಡು ದಿನ ಸುಮ್ಮನಿದ್ದರು. ಮೂರನೆಯ ಬೆಳಿಗ್ಗೆ ಸುಕೇಶ ಬಾವಿಕಟ್ಟೆಯಲ್ಲಿ ಮುಖ ತೊಳೆಯುತ್ತಿದ್ದಾಗ ಹತ್ತಿರ ಹೋಗಿ ನಿಂತರು. ನಾನು ಅಲ್ಲೇ ಪಾತ್ರೆ ಬೆಳಗುತ್ತಿದ್ದೆ.

"ಒಂದು ಸಲ ಹೋಗಿ ಕೇಳಿ ಬಾ ಮಗಾ," ಎಂದರು.

ಸುಕೇಶ ಕಡಲಿನ ಕಡೆ ನೋಡಿದ. ಮಳೆ ನಿಂತು ಹದಿನೈದು ದಿನವೂ ಆಗಿರಲಿಲ್ಲ. ಕಡಲಿನ ಬಣ್ಣ ಇನ್ನೂ ಕೆಂಪು. ನಾಲ್ಕು ದಿನ ಕಳೆದರೆ ಸರಿ ಇತ್ತು ಎಂದ. ನಾಲ್ಕು ದಿನ ಕಳೆದರೆ ಓದುವುದೇ ಮುಗಿದುಹೋಗುತ್ತದೆ ಎಂದರು ಅಪ್ಪ. ಆಯಿತು ಎಂದು ತಲೆಯಾಡಿಸಿ ಅವನು ಒಳಗೆ ಹೋದ. ನಾನು ಪಾತ್ರೆ ಎತ್ತಿಟ್ಟು ಬಾಲವಾಡಿಗೆ ಹೊರಟೆ. ಅಲ್ಲಿ ಮಕ್ಕಳಿಗೆ ಕಲಿಸುವುದು ನನ್ನ ಕೆಲಸ.

ಮಧ್ಯಾಹ್ನದ ಹೊತ್ತಿಗೆ ಅವನ ಹಲಗೆ ಮಂಜುಗಡ್ಡೆ ಕಾರ್ಖಾನೆಯ ಹಿಂದಿನ ಕಲ್ಲುಗಳಿಗೆ ಬಂದು ಬಡಿಯುತ್ತಿತ್ತು. ಅವನ ಜೊತೆ ನೀರಿಗಿಳಿದಿದ್ದ ಇಬ್ಬರು ಕತ್ತಲಾಗುವವರೆಗೂ ಹುಡುಕಿದರು. ದೋಣಿಯವರು ಮೂರು ದಿನ ಹುಡುಕಿದರು. ನಾಲ್ಕನೆಯ ದಿನ ಉತ್ತರದ ಅಳಿವೆಯ ಬಾಯಿಯಲ್ಲಿ ಸಿಕ್ಕಿದ. ಆ ಹೊತ್ತಿಗೆ ಚಾವಡಿಯಲ್ಲಿ ಶಬ್ದ ಓದುತ್ತಿದ್ದರು. ನಮ್ಮ ಸರದಿ ಬಂದಾಗ ಎಲ್ಲರೂ ಎದ್ದು ನಿಂತು, ಸ್ವಲ್ಪ ಹೊತ್ತು ಸುಮ್ಮನಿದ್ದು, ಮುಂದಿನ ಮನೆಗೆ ಹೋದರಂತೆ.

ಅಪ್ಪ ಅಗಳಿ ಹಾಕಿದರು. ಹದಿಮೂರು ದಿನ ಆಯಿತು. ಹದಿನಾಲ್ಕನೆಯ ಬೆಳಿಗ್ಗೆ ನಾನು ರಂಗೋಲಿಗೆ ನೀರು ತಂದಿಟ್ಟುಕೊಂಡು ಕಾದೆ. ಅಪ್ಪ ಮುಂಬಾಗಿಲಿನ ಹತ್ತಿರವೂ ಹೋಗಲಿಲ್ಲ. ಹಿತ್ತಿಲ ಬಾಗಿಲಿನಿಂದ ಕಡವಿಗೆ ಹೋದರು, ಸಂಜೆ ಹಿತ್ತಿಲಿನಿಂದಲೇ ಬಂದರು. ಮರುದಿನವೂ ಹಾಗೆಯೇ. ಹೊರಗಿನವರು ಒಂದು ಮನೆಯ ಅಗಳಿ ಮುಟ್ಟುವಂತಿಲ್ಲ. ಮನೆಯ ಹಿರಿಯರು ಇರುವಾಗ ಒಳಗಿನವರೂ ಮುಟ್ಟುವಂತಿಲ್ಲ. ಒಂದು ತಿಂಗಳಾಯಿತು, ಎರಡಾಯಿತು.

ಊರು ಹೇಗೋ ಹೊಂದಿಕೊಂಡಿತು. ಅಂಗೈಯನ್ನು ಚಪ್ಪಟೆ ಮಾಡಿ, ಸ್ವಲ್ಪ ಓರೆಯಾಗಿ ಗಾಳಿಯಲ್ಲಿ ಜಾರಿಸಿದರೆ ಅದು ಎಂದು ಅರ್ಥ. ಕೊಗ್ಗಣ್ಣ ಅಂಗಡಿಯ ಬೋರ್ಡಿನಲ್ಲಿ ಹೆಸರು ಇದ್ದ ಜಾಗದಲ್ಲಿ ಚಿತ್ರ ಬರೆಸಿದ. ಕ್ಷೌರದಂಗಡಿಯವನು ಮಕ್ಕಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಕೂದಲು ಕತ್ತರಿಸತೊಡಗಿದ. ರುಕ್ಕಕ್ಕ ಅಳಿಯನನ್ನು ಬೈಯಲು ಹೊರಟು, ಬಾಯಿ ತೆರೆದು, ಹಾಗೇ ಮುಚ್ಚಿ ನನ್ನ ಮುಖ ನೋಡುತ್ತಿದ್ದಳು. ಬಾಲವಾಡಿಯಲ್ಲಿ ಮಕ್ಕಳು ಕಡಲಿನ ಚಿತ್ರ ಬರೆದು ಅದರ ಮೇಲೊಂದು ಉದ್ದ ಗೆರೆ ಎಳೆದು ನನ್ನ ಮುಂದೆ ಹಿಡಿಯುತ್ತಿದ್ದರು. ಮಾಸ್ತರರ ಹೆಂಡತಿಗೆ ಮತ್ತೆ ಕಾಯಿಲೆ ಬಂತು. ನೋಡಲು ಹೋದಾಗ ಹೇಗಿದ್ದೀರಿ ಎಂದು ಕೇಳಿದೆ. ಅವರು ಬರೀ ನನ್ನ ಕೈ ಹಿಡಿದುಕೊಂಡರು.

ಎಲ್ಲರಿಗಿಂತ ಕಷ್ಟವಾದದ್ದು ವಿನೋದಾಳಿಗೆ. ಗಂಡ ಸತ್ತವಳು ಆ ಸಾವಿನ ಕಥೆಯನ್ನು ಬಂದವರಿಗೆಲ್ಲ ಹೇಳುತ್ತಾಳೆ. ಹೇಳಿ ಹೇಳಿ ಅದು ಸ್ವಲ್ಪ ಹಗುರವಾಗುತ್ತದೆ. ಇವಳು ಹೇಳಲು ಶುರು ಮಾಡುತ್ತಿದ್ದಳು. ಬೆಳಿಗ್ಗೆ ಎದ್ದದ್ದು, ಗಂಜಿ ಉಂಡದ್ದು, ಮಗುವಿನ ಕೆನ್ನೆ ಹಿಂಡಿದ್ದು, ಹಿತ್ತಿಲ ಜಗಲಿಗೆ ಹೋದದ್ದು. ಅಲ್ಲಿಗೆ ಮಾತು ನಿಲ್ಲುತ್ತಿತ್ತು. ತುಟಿ ಅಲ್ಲಾಡುತ್ತಿತ್ತು, ಸ್ವರ ಬರುತ್ತಿರಲಿಲ್ಲ. ಬಂದವರು ಗೊತ್ತುಂಟು ಬಿಡು ಎಂದು ಅವಳ ಬೆನ್ನು ಸವರಿ, ಮಗು ಎಷ್ಟು ಬೆಳೆದಿದೆ ಎಂದು ಮಾತು ತಿರುಗಿಸುತ್ತಿದ್ದರು. ಹೀಗೆ ಅವಳ ಕಥೆ ಪ್ರತಿ ಸಲವೂ ಜಗಲಿಯವರೆಗೆ ಬಂದು ಅಲ್ಲೇ ಉಳಿಯುತ್ತಿತ್ತು. ಕಡೆಕಡೆಗೆ ಅವಳು ಶುರು ಮಾಡುವುದನ್ನೇ ಬಿಟ್ಟಳು.

ಐದನೆಯ ತಿಂಗಳಿನಲ್ಲಿ ಕೊಗ್ಗಣ್ಣ ಹಿತ್ತಿಲಿಗೆ ಬಂದು ಕಲ್ಲಿನ ಮೇಲೆ ಕೂತ. ವ್ಯಾಪಾರದ ಮಾತು ಎತ್ತಲಿಲ್ಲ. ಹೊಸದಾಗಿ ಕಲಿಯುವ ಮಕ್ಕಳಿಗೆ ಏನನ್ನು ಹೇಗೆ ಹಿಡಿಯಬೇಕು ಎಂದು ಕೂಗಿ ಹೇಳಲು ಆಗುತ್ತಿಲ್ಲ, ಅಲೆಯ ಸದ್ದಿನಲ್ಲಿ ಕೈಸನ್ನೆ ಕಾಣುವುದಿಲ್ಲ, ತನಗೆ ಹೆದರಿಕೆಯಾಗುತ್ತಿದೆ ಎಂದು ಹೇಳಿದ. ಅಪ್ಪ ನೆಲ ನೋಡುತ್ತ ಕೇಳಿಸಿಕೊಂಡರು.

"ಶಬ್ದ ಇಲ್ಲದಿದ್ರೆ ಯಾರೂ ಹೋಗೂದಿಲ್ಲ ಅಂತ ಎಣಿಸಿದೆ ಕೊಗ್ಗ," ಎಂದರು ಕೊನೆಗೆ.

"ಹೋಗ್ತಾರೆ ಅಂತಪ್ಪಣ್ಣ," ಎಂದ ಕೊಗ್ಗಣ್ಣ. "ಹೆಸರಿಲ್ಲದೆ ಹೋಗ್ತಾರೆ, ಅಷ್ಟೆ."

ಆವತ್ತು ರಾತ್ರಿ ಅಪ್ಪ ಊಟ ಮಾಡಲಿಲ್ಲ. ಬಾವಿಕಟ್ಟೆಯ ಮಾತನ್ನು ಕೇಳಿಸಿಕೊಂಡವಳು ನಾನೊಬ್ಬಳೇ ಎಂದು ಅವರಿಗೆ ಗೊತ್ತಿತ್ತು. ನಾನು ಆ ವಿಷಯ ಎತ್ತಲಿಲ್ಲ. ಎತ್ತಬೇಕಿತ್ತು ಎಂದು ಈಗ ಅನಿಸುತ್ತದೆ. ಅಪ್ಪನ ಮುಖ ಆ ತಿಂಗಳುಗಳಲ್ಲಿ ಹೇಗಿತ್ತೆಂದರೆ, ಅವರ ಮುಂದೆ ಗಟ್ಟಿಯಾಗಿ ಉಸಿರಾಡಲೂ ನನಗೆ ಭಯವಾಗುತ್ತಿತ್ತು.

ಎಂಟನೆಯ ತಿಂಗಳಿನಲ್ಲಿ ವಿನೋದಾಳ ಅಣ್ಣನಿಂದ ಕಾಗದ ಬಂತು. ಹೊಳೆಯಾಚೆಯ ಊರು ಅವರದು. ಅಲ್ಲಿ ಮನೆಗಳಿಗೆ ಶಬ್ದವಿಲ್ಲ. ಬಂದು ಕರೆದುಕೊಂಡು ಹೋಗುತ್ತೇನೆ, ಅಲ್ಲೇ ಶಾಲೆಯ ಅಡುಗೆಯ ಕೆಲಸ ನೋಡಿದ್ದೇನೆ ಎಂದು ಬರೆದಿದ್ದ. ಅವಳು ಹೂಂ ಎಂದು ತಿಳಿಸಿದಳು. ಹೊರಡುವ ಹಿಂದಿನ ಮಧ್ಯಾಹ್ನ ಅಡುಗೆಮನೆಯಲ್ಲಿ ನಾವಿಬ್ಬರೂ ಕೂತು ಮಗುವಿನ ಬಟ್ಟೆ ಮಡಚುತ್ತಿದ್ದೆವು. ಶಾಂಭವಿ ಪಕ್ಕದಲ್ಲೇ ಚಾಪೆಯ ಮೇಲೆ ಮಲಗಿದ್ದಳು. ಇನ್ನೂ ಒಂದು ವರ್ಷ ಇದ್ದು ನೋಡಬಹುದಿತ್ತು ಎಂದು ನಾನು ಅಂದೆ. ಅವಳು ತಲೆ ಎತ್ತದೆ ಹೇಳಿದಳು:

"ಇದ್ದು ಎಂತ ಮಾಡ್ಲಿ ಅತ್ತಿಗೆ? ಮಗಳನ್ನು ನೋಡಿಯೂ ನಿಲ್ಲದೆ ಹೋದ್ರಲ್ಲ ಅವ್ರು. ನಮಗಿಂತ ಅವ್ರಿಗೆ ಇದೇ ಹೆಚ್ಚಾಯ್ತು." ಅಂಗೈಯನ್ನು ಚಪ್ಪಟೆ ಮಾಡಿ ಗಾಳಿಯಲ್ಲಿ ಜಾರಿಸಿದಳು. ಅದೇ ಕೈಯಲ್ಲಿ ಕಣ್ಣು ಒರೆಸಿಕೊಂಡಳು.

ಅಪ್ಪ ಊಟಕ್ಕೆ ಬಂದು ನಡುಕೋಣೆಯಲ್ಲಿ ಕೂತಿದ್ದರು. ನಮಗೆ ಗೊತ್ತಿರಲಿಲ್ಲ. ಎದ್ದು ಬಂದು ಅಡುಗೆಮನೆಯ ಹೊಸ್ತಿಲಿನಲ್ಲಿ ನಿಂತರು.

"ಆವತ್ತು ಅವನನ್ನು ನಾನೇ ಕಳಿಸಿದ್ದು," ಎಂದರು.

ವಿನೋದಾ ಗಾಬರಿಯಿಂದ ಎದ್ದು ಸೆರಗು ಸರಿಮಾಡಿಕೊಂಡಳು. ಯಾಕೆ ಕಳಿಸಿದಿರಿ ಎಂದು ಮೆಲ್ಲಗೆ ಕೇಳಿದಳು. ಅಪ್ಪ ಬಾಯಿ ತೆರೆದರು. ಕಳಿಸಿದ್ದು ಒಂದು ಶಬ್ದದ ಅರ್ಥಕ್ಕಾಗಿ. ಆ ಶಬ್ದ ಅವರೇ ಹಾಕಿದ ಅಗಳಿಯ ಹಿಂದೆ ಇತ್ತು. ಪುಸ್ತಕ ಎಂದರು, ಓದುವ ದಿನ ಎಂದರು, ಮತ್ತೆ ಸ್ವರ ಕಟ್ಟಿತು. ಕೈ ಎತ್ತಿ ಸನ್ನೆ ಮಾಡಲು ಹೋದರು, ಅದನ್ನೂ ಅರ್ಧಕ್ಕೆ ಇಳಿಸಿದರು. ವಿನೋದಾ ಅವರನ್ನು ಕನಿಕರದಿಂದ ನೋಡಿದಳು.

"ಮಗನ ತಪ್ಪನ್ನು ನಿಮ್ಮ ಮೇಲೆ ಹಾಕ್ಕೊಳ್ಬೇಡಿ ಮಾವ," ಎಂದಳು. "ನೀವು ಒಳ್ಳೆಯವ್ರು, ನಂಗೆ ಗೊತ್ತುಂಟು."

ಆ ಮಾತು ಅವರಿಗೆ ಹೇಗೆ ತಾಗಿತೆಂದು ನಾನು ಕಣ್ಣಾರೆ ಕಂಡೆ. ಅಪ್ಪ ಹಿಂದಿರುಗಿ, ಮನೆಯ ಚಾವಡಿ ದಾಟಿ, ಮುಂಬಾಗಿಲಿಗೆ ಹೋದರು. ಎಂಟು ತಿಂಗಳ ಉಪ್ಪುಗಾಳಿಗೆ ಅಗಳಿ ಉಬ್ಬಿ ಕಚ್ಚಿಕೊಂಡಿತ್ತು. ಎರಡು ಕೈಯಲ್ಲಿ ಎಳೆದರೂ ಜಗ್ಗಲಿಲ್ಲ. ನಾನು ಓಡಿಹೋಗಿ ಒಂದು ತುದಿ ಹಿಡಿದೆ. ಆಮೇಲೆ ಅಡುಗೆಮನೆಯಿಂದ ಗುಂಡುಕಲ್ಲು ತಂದು ಕೆಳಗಿನಿಂದ ಹೊಡೆದೆ. ನಾಲ್ಕನೆಯ ಏಟಿಗೆ ಅದು ಬಿಟ್ಟಿತು. ಬಾಗಿಲು ಒಳಗೆ ಬಂತು. ಬೆಳಕಿನ ಜೊತೆ ಜೇಡರ ಬಲೆಯೂ ಒಣ ಎಲೆಯೂ ಜಗಲಿಯ ಮಣ್ಣೂ ಒಳಗೆ ಬಿದ್ದವು.

ಬೀದಿಯಲ್ಲಿ ಯಾರೂ ನಮ್ಮನ್ನು ನೋಡುತ್ತಿರಲಿಲ್ಲ. ಆದರೆ ಸ್ವಲ್ಪ ಹೊತ್ತಿಗೆ ಕೊಗ್ಗಣ್ಣನ ಕೊಟ್ಟಿಗೆಯ ಕಡೆಯಿಂದ ಒಂದು ಸ್ವರ ಕೇಳಿತು, ಸಾಧಾರಣ ಮಾತಿನ ಸ್ವರ, ಯಾರೋ ಯಾರಿಗೋ ತೆರೆಹಲಗೆಯನ್ನು ಆ ಬದಿಗೆ ತಿರುಗಿಸು ಎಂದು ಹೇಳಿದ್ದು. ಹೇಳಿದವನೇ ನಿಂತುಬಿಟ್ಟನೆಂದು ಕಾಣುತ್ತದೆ, ಮರ ಉಜ್ಜುವ ಸದ್ದು ತಟ್ಟನೆ ನಿಂತಿತು. ಮತ್ತೆ ಇನ್ನೊಂದು ಕಡೆಯಿಂದ ಕೇಳಿತು, ಮತ್ತೆ ದಂಡೆಯಿಂದ.

ಅಪ್ಪ ಅಲ್ಲೇ ಹೊಸ್ತಿಲಿನ ಮೇಲೆ ಕೂತರು. ವಿನೋದಾ ಚಾವಡಿಯ ಕಂಬಕ್ಕೆ ಒರಗಿ ನಿಂತಿದ್ದಳು. ಅಪ್ಪ ಅವಳ ಮುಖ ನೋಡದೆ ಎಲ್ಲ ಹೇಳಿದರು. ನಾಲ್ಕು ಅರ್ಥ ಇದ್ದದ್ದು, ಐದನೆಯದರ ಆಸೆ ಆದದ್ದು, ದೊಡ್ಡ ಮನೆಯವರ ಮುಂದೆ ಓದಬೇಕೆಂದು ಎಣಿಸಿದ್ದು, ಸಮುದ್ರ ಸರಿ ಇಲ್ಲ ಎಂದು ಅವನು ಹೇಳಿದ್ದು, ಆದರೂ ತಾನು ಬಿಡದೆ ಇದ್ದದ್ದು.

"ಅವನಿಗೆ ತೆರೆಹಲಗೆಯ ಆಸೆ ಇರ್ಲಿಲ್ಲಮ್ಮ. ಅವನು ಬಿಟ್ಟಿದ್ದ. ನನ್ನ ಮಾತಿಗೆ ಹೋದ."

ವಿನೋದಾಳಿಗೆ ಸಿಟ್ಟು ಬರುತ್ತದೆ ಎಂದು ನಾನು ಕಾದೆ. ಬರಬೇಕಾದದ್ದೇ ಎಂದೂ ಅನಿಸಿತು. ಅವಳು ಕಂಬಕ್ಕೆ ಒರಗಿದ್ದವಳು ಹಾಗೇ ಜಾರಿ ನೆಲಕ್ಕೆ ಕೂತಳು.

"ನನಗೂ ಹೇಳ್ಲಿಕ್ಕುಂಟು," ಎಂದಳು.

ಆಮೇಲೆ ಅವಳು ಆ ಕಥೆಯನ್ನು ಮೊದಲ ಸಲ ಜಗಲಿಯಿಂದ ಆಚೆ ಹೇಳಿದಳು. ತೆರೆಹಲಗೆಯ ಹಿಂಬದಿಗೆ ಒಂದು ಹಗ್ಗ ಇರುತ್ತದೆ. ಸವಾರರು ಅದರ ಇನ್ನೊಂದು ತುದಿಯನ್ನು ಕಾಲಿಗೆ ಕಟ್ಟಿಕೊಳ್ಳುತ್ತಾರೆ. ಬಿದ್ದರೆ ಹಲಗೆ ದೂರ ಹೋಗುವುದಿಲ್ಲ, ಹಿಡಿದುಕೊಂಡು ತೇಲಬಹುದು. ಆ ಬೆಳಿಗ್ಗೆ ಸುಕೇಶ ಜಗಲಿಗೆ ಬಂದು ಹಲಗೆ ಎತ್ತಿಕೊಂಡಾಗ ಹಗ್ಗ ಇರಲಿಲ್ಲ. ಎಲ್ಲಿ ಎಂದು ಹೆಂಡತಿಯನ್ನು ಕೇಳಿದ. ಹೋಗುವುದಿಲ್ಲ ಎಂದು ಮಗುವಿನ ತಲೆ ಮುಟ್ಟಿ ಹೇಳಿದವನು ಮತ್ತೆ ಹೊರಟನಲ್ಲ ಎಂದು ಅವಳಿಗೆ ಸಿಟ್ಟು. ಗೊತ್ತಿಲ್ಲ, ಹುಡುಕಿಕೊಳ್ಳಿ ಎಂದಳು. ಅವನು ಜಂತಿಯ ಮೇಲೆ, ಮಂಚದ ಕೆಳಗೆ ಹುಡುಕಿದ. ಸಿಗಲಿಲ್ಲ. ಹೊತ್ತಾಯಿತು ಎಂದು ಹಾಗೆಯೇ ಹೋದ.

"ನಂಗೆ ಗೊತ್ತಿತ್ತು ಮಾವ, ಎಲ್ಲುಂಟು ಅಂತ. ಹಗ್ಗ ಸಿಗದಿದ್ರೆ ಹೋಗೂದಿಲ್ಲ ಅಂತ ಎಣಿಸಿದೆ."

ಅಪ್ಪ ಅವಳ ಕಡೆ ತಿರುಗಿದರು. ಹಗ್ಗ ಎಲ್ಲಿತ್ತು ಎಂದು ಅವರು ಕೇಳಲಿಲ್ಲ. ನಾನು ಕೇಳಿದೆ. ಅವಳು ಹಿತ್ತಿಲಿನ ಕಡೆ ಬೆರಳು ತೋರಿಸಿದಳು. ಅದರ ಹಿಂದಿನ ದಿನ ಬಟ್ಟೆ ಒಣಗಿಸುವ ಹುರಿ ತುಂಡಾಗಿತ್ತಂತೆ. ಕೈಗೆ ಸಿಕ್ಕ ಗಟ್ಟಿ ಹಗ್ಗ ಎಂದು ಅದನ್ನೇ ಬಿಚ್ಚಿ, ಬಾವಿಯ ಕಂಬದಿಂದ ನುಗ್ಗೆಮರಕ್ಕೆ ಎಳೆದು ಕಟ್ಟಿದ್ದಳು. ಹಾಸಿಗೆಯ ಬಟ್ಟೆ ಅದರ ಮೇಲೆ ಹರಡಿದ್ದರಿಂದ ಅವನಿಗೆ ಕಾಣಲಿಲ್ಲ. ಎಂಟು ತಿಂಗಳಿನಿಂದ ದಿನಾ ನಾನು ಅದರ ಮೇಲೆ ಬಟ್ಟೆ ಒಣಗಿಸುತ್ತಿದ್ದೆ. ಅಪ್ಪನ ಪಂಚೆ, ನನ್ನ ಸೀರೆ, ಬಾಲವಾಡಿಯ ಮಕ್ಕಳ ಕೈ ಒರೆಸುವ ಬಟ್ಟೆ. ಇಷ್ಟು ದಿನ ಅವಳಿಗೆ ಬಾಯಿ ಬಾರದೆ ಇದ್ದದ್ದು ಶಬ್ದ ಇಲ್ಲದ್ದರಿಂದಲೋ, ಅಥವಾ ಶಬ್ದ ಇಲ್ಲದ್ದು ಅವಳಿಗೆ ಒಂದು ಮರೆಯಾಗಿತ್ತೋ, ನನಗೆ ತಿಳಿಯಲಿಲ್ಲ. ಕೇಳುವ ಮನಸ್ಸೂ ಆಗಲಿಲ್ಲ.

ಮರುದಿನ ಅವಳು ಅಣ್ಣನ ಜೊತೆ ಹೋದಳು. ಆ ಮಾತುಗಳಿಂದ ಅದೇನೂ ಬದಲಾಗಲಿಲ್ಲ. ಅಪ್ಪ ಶಾಂಭವಿಯನ್ನು ಹೆಗಲ ಮೇಲೆ ಕೂರಿಸಿಕೊಂಡು ಕಡವಿನವರೆಗೆ ನಡೆದರು. ಈಗ ರಜೆಗೆ ಇಬ್ಬರೂ ಬರುತ್ತಾರೆ. ಪುಸ್ತಕ ನನ್ನ ಕೈಯಲ್ಲಿದೆ. ಅರ್ಥ ಕೇಳಿಕೊಂಡು ಬಂದವರಿಗೆ ನಾನು ನಾಲ್ಕು ಅರ್ಥ ಹೇಳುತ್ತೇನೆ. ಐದನೆಯದು ಏನಿತ್ತೆಂದು ಅಪ್ಪ ಯಾರನ್ನೂ ಕೇಳಲಿಲ್ಲ, ನಾನೂ ಕೇಳಿಲ್ಲ.

ಅಗಳಿ ತೆಗೆದ ಆ ಸಂಜೆಯ ಮಾತು ಮಾತ್ರ ಹೇಳಿ ಮುಗಿಸುತ್ತೇನೆ. ವಿನೋದಾ ಹೇಳಿ ಮುಗಿಸಿದ ಮೇಲೆ ಅಪ್ಪ ಎದ್ದು ಹಿತ್ತಿಲಿಗೆ ಹೋದರು. ನಾವೂ ಹಿಂದೆ ಹೋದೆವು. ಬಿಸಿಲು ನುಗ್ಗೆಮರದ ತಲೆಗೆ ಏರಿತ್ತು. ಹಗ್ಗದ ಮೇಲೆ ಮಗುವಿನ ಎರಡು ಲಂಗ, ಪ್ರಯಾಣಕ್ಕೆಂದು ಒಗೆದು ಹಾಕಿದ್ದವು, ಅವುಗಳಿಂದ ಇನ್ನೂ ನೀರು ತೊಟ್ಟಿಕ್ಕುತ್ತಿತ್ತು. ಅಪ್ಪ ಬಾವಿಯ ಕಂಬದ ಹತ್ತಿರ ಹೋಗಿ ಗಂಟಿಗೆ ಕೈ ಹಾಕಿದರು. ಗಂಟು ಬಿಗಿದಿತ್ತು. ಉಗುರಿನಿಂದ ಎಬ್ಬಿಸಲು ನೋಡಿದರು. ವಿನೋದಾ ಹತ್ತಿರ ಹೋಗಿ ಅವರ ಕೈಯನ್ನು ಮೆಲ್ಲಗೆ ಸರಿಸಿದಳು.

"ಇರ್ಲಿ ಮಾವ," ಎಂದಳು. "ಮಗುವಿನ ಬಟ್ಟೆ ಇನ್ನೂ ಒಣಗ್ಲಿಲ್ಲ."